ಸ್ಪ್ಯಾನಿಷ್‌ನ ಸಬ್ಜಂಕ್ಟಿವ್ ತಲೆಗೆ ಹತ್ತುತ್ತಿಲ್ಲ, ಕನ್ನಡದಲ್ಲಿ ಇಂಥದ್ದು ಇದ್ಯಾ?

ತೋಟದಮನೆ_ಚಿಕ್ಕಮಗಳೂರು
ಎಲ್ರಿಗೂ ನಮಸ್ಕಾರ. ನಮ್ದು ಮಲ್ಲಂದೂರು ರಸ್ತೆ ಕಡೆ ಒಂದು ಹೋಂಸ್ಟೇ, ಸಂಜೆ ಹೊತ್ತು ಆನ್‌ಲೈನಲ್ಲಿ ಸ್ಪ್ಯಾನಿಷ್ ಕಲೀತಿದೀನಿ. ಭೂತಕಾಲ ಭವಿಷ್ಯತ್ ಎಲ್ಲ ಹೆಂಗೋ ಬಂತು, ಈ ಸಬ್ಜಂಕ್ಟಿವ್ (ಇಷ್ಟ, ಅನುಮಾನ ಥರದ ಮಾತಲ್ಲಿ ಬರೋ ಕ್ರಿಯಾಪದದ ಬೇರೆ ರೂಪ) ಹತ್ರ ಬಂದು ಗಾಡಿ ನಿಂತಿದೆ. "ಅವನು ಬರ್ತಾನೆ ಅನ್ಸತ್ತೆ" ಅನ್ನೋಕೆ ಕ್ರೆಯೊ ಕೆ ವಿಯೆನೆ, "ಬರ್ತಾನೆ ಅಂತ ನಂಗನ್ಸಲ್ಲ" ಅನ್ನೋಕೆ ನೊ ಕ್ರೆಯೊ ಕೆ ವೆಂಗಾ. ಬರೋದು ಅದೇ ಅವನು, ವಿಯೆನೆ ಹೋಗಿ ವೆಂಗಾ ಯಾಕಾಯ್ತು? ಟೀಚರ್ "ಡೌಟ್ ಇದ್ರೆ ಸಬ್ಜಂಕ್ಟಿವ್" ಅಂತಾರೆ, ಸರಿ ಒಪ್ಪಿದೆ, ಆದ್ರೆ "ಅವನು ಬರ್ತಿರೋದು ಖುಷಿ" ಅನ್ನೋಕೂ ಮೆ ಅಲೆಗ್ರೊ ದೆ ಕೆ ವೆಂಗಾ ಅನ್ನಬೇಕಂತೆ, ಅಲ್ಲಿ ಡೌಟ್ ಎಲ್ಲಿಂದ ಬಂತು? ಯಾರಾದ್ರೂ ಕನ್ನಡದಲ್ಲೇ ಬಿಡಿಸಿ ಹೇಳಿ ಪ್ಲೀಸ್.

ಹಾಸನದ_ಕನ್ನಡ_ಮೇಷ್ಟ್ರು
ಒಳ್ಳೇ ಪ್ರಶ್ನೆ ಕೇಳಿದೀಯಮ್ಮ. ಹೈಸ್ಕೂಲಲ್ಲಿ ವಿಧ್ಯರ್ಥ, ನಿಷೇಧಾರ್ಥ, ಸಂಭಾವನಾರ್ಥ ಅಂತ ಓದಿರ್ತೀಯ, ಪರೀಕ್ಷೆ ಮುಗಿದ ಮೇಲೆ ಯಾರೂ ಅದರ ಕಡೆ ತಿರುಗಿ ನೋಡಲ್ಲ ಅನ್ನೋದೇ ನನಗೆ ಬೇಜಾರು. "ಬರಲಿ" ಅಂದ್ರೆ ವಿಧ್ಯರ್ಥ, "ಬಂದಾನು" ಅಂದ್ರೆ ಸಂಭಾವನಾರ್ಥ. ಎರಡರಲ್ಲೂ ಅವನು ಬಂದ ಅಂತಾಗಲೀ ಬರ್ತಾನೆ ಅಂತಾಗಲೀ ನೀನು ಸಾರಿ ಹೇಳ್ತಿಲ್ಲ, ಒಂದು ಇಷ್ಟ, ಇನ್ನೊಂದು ಊಹೆ. ಹಾಸನದ ಹಳ್ಳಿ ಕಡೆ ಇದು ಇನ್ನೂ ಚೆನ್ನಾಗಿ ಬದುಕಿದೆ, ಮಳೆಗಾಲದಲ್ಲಿ ಪಾಚಿ ಕಟ್ಟಿದ ಮೆಟ್ಲು ಹತ್ತೋ ಮಗೂಗೆ ಅಜ್ಜಿ "ಉಸಾರು ಕಣ್ಮಗ, ಜಾರ್ಬುಟ್ಟೀಯ" ಅಂತಾರೆ, "ಜಾರ್ತೀಯ" ಅನ್ನಲ್ಲ. ಜಾರಬಾರದು ಅನ್ನೋ ಆತಂಕವೆಲ್ಲ ಆ "ಈಯ"ದಲ್ಲೇ ಇದೆ. ಲ್ಯಾಟಿನ್ನಲ್ಲೂ ಹೆದರಿಕೆಯ ಮಾತಿನ ಮುಂದೆ ಸಬ್ಜಂಕ್ಟಿವ್ವೇ ಬರೋದು.

ಇನ್ನು ವೇದದ ಸಂಸ್ಕೃತದಲ್ಲಿ ಇದಕ್ಕೇ ಅಂತ "ಲೇಟ್" ಅನ್ನೋ ಬೇರೆ ಲಕಾರ, ಅಂದ್ರೆ ಕ್ರಿಯಾಪದದ ರೂಪಗಳ ಗುಂಪು, ಇತ್ತು, ವ್ಯಾಕರಣಕಾರ ಪಾಣಿನಿ "ಲಿಙರ್ಥೇ ಲೇಟ್" (ವಿಧಿ, ಸಂಭಾವನೆ ಹೇಳೋ ಲಿಙ್ ಲಕಾರದ ಅರ್ಥದಲ್ಲಿ ಲೇಟ್ ಬರತ್ತೆ) ಅಂತ ಸೂತ್ರವನ್ನೇ ಮಾಡಿದಾನೆ (3.4.7). ಆಮೇಲಿನ ಸಂಸ್ಕೃತದಲ್ಲಿ ಲೇಟ್ ಬಳಕೆ ತಪ್ಪಿಹೋಯ್ತು, ಆದ್ರೆ "ಗಚ್ಛಾನಿ" (ನಾನು ಹೋಗಲಿ) ಥರದ ಉತ್ತಮಪುರುಷ ರೂಪಗಳು ಆಜ್ಞೆ ಹೇಳೋ "ಲೋಟ್" ಲಕಾರದ ಒಳಗೆ ಸೇರ್ಕೊಂಡು ಉಳಿದವು.

ಸಕಲೇಶಪುರ_ಜರ್ಮನ್
ಮೇಷ್ಟ್ರು ಹೇಳಿದ್ದು ಸರಿ, ಆದ್ರೆ ಖುಷಿ ವಾಕ್ಯದ ಪ್ರಶ್ನೆ ಹಾಗೇ ಉಳೀತಲ್ಲ ಸರ್. ನನ್ ಪ್ರಕಾರ ಡೌಟ್ ಅನ್ನೋ ರೂಲನ್ನ ಮೊದ್ಲು ಮರೆತುಬಿಡಿ ಮೇಡಂ. ಕೇಳ್ಕೋಬೇಕಾಗಿರೋದು ಒಂದೇ, ಈ ಸಂಗತೀನ ನಾನು ಸುದ್ದಿಯಾಗಿ ಹೇಳ್ತಿದೀನಾ ಇಲ್ವಾ ಅಂತ. "ಬರ್ತಾನೆ ಅನ್ಸತ್ತೆ" ಅಂದಾಗ ಬರೋ ಸುದ್ದೀನೇ ಹೇಳ್ತಿದೀರ. "ಬರ್ತಿರೋದು ಖುಷಿ" ಅಂದಾಗ ಬರೋದು ಇಬ್ರಿಗೂ ಗೊತ್ತಿರೋ ವಿಷ್ಯ, ನೀವು ಹೇಳ್ತಿರೋದು ಖುಷೀನ. ಕನ್ನಡಾನೂ ಇಲ್ಲಿ ರೂಪ ಬದಲಾಯಿಸತ್ತೆ ನೋಡಿ, "ಬರ್ತಾನೆ ಅಂತ ಹೇಳಿದ್ರು" ಅಂತೀವಿ, ಆದ್ರೆ "ಬರ್ತಿರೋದು ಖುಷಿ" ಅಂತೀವಿ, ಕ್ರಿಯಾಪದಾನ ನಾಮಪದ ಮಾಡಿ ಪಕ್ಕಕ್ಕಿಡ್ತೀವಿ. ಸ್ಪ್ಯಾನಿಷ್ ಅದೇ ಜಾಗದಲ್ಲಿ ವೆಂಗಾ ಹಾಕತ್ತೆ.

ಹಾಗಂತ ಎಲ್ಲಾ ಭಾಷೇನೂ ಒಂದೇ ಕಡೆ ಗೆರೆ ಎಳೆಯಲ್ಲ. "ಬರ್ತಾನೆ ಅನ್ನೋ ಆಸೆ ಇದೆ" ಅನ್ನೋಕೆ ಸ್ಪ್ಯಾನಿಷಲ್ಲಿ ಸಾಮಾನ್ಯವಾಗಿ ಸಬ್ಜಂಕ್ಟಿವ್, ಪಕ್ಕದ ಫ್ರೆಂಚಲ್ಲಿ ಅದಕ್ಕೆ ಮಾಮೂಲಿ ರೂಪಾನೇ. ನಾನು ಕಲ್ತಿರೋ ಜರ್ಮನ್‌ದು ಇನ್ನೊಂದ್ ಕಥೆ, ಪೇಪರ್‌ನೋರು "ಮಂತ್ರಿಗೆ ಹುಷಾರಿಲ್ಲ" ಅಂತ ಬೇರೆಯವರ ಮಾತನ್ನ ವರದಿ ಮಾಡೋವಾಗ "ಇದಾನೆ" ಅನ್ನೋ ಮಾಮೂಲಿ ಇಸ್ಟ್ ಬದ್ಲು ಅದರ ಸಬ್ಜಂಕ್ಟಿವ್ ರೂಪ ಜೈ ಅಂತ ಬರೀತಾರೆ, ನಮ್ಮ "ಹುಷಾರಿಲ್ವಂತೆ" ಥರಾನೇ, ಹೇಳಿದ್ದು ಅವರು, ಹೊಣೆ ನಂದಲ್ಲ ಅಂತ.

ತೋಟದಮನೆ_ಚಿಕ್ಕಮಗಳೂರು
ಅಯ್ಯೋ ಎಷ್ಟ್ ಚೆನ್ನಾಗಿ ಹೇಳಿದ್ರಿ ಇಬ್ರೂ! ಇನ್ನೊಂದೇ ಒಂದು, ಕ್ವಾಂದೊ ("ಆಗ" ಅನ್ನೋ ಅರ್ಥದ ಪದ) ಜೊತೆ ಒಂದ್ಸಲ ವಿಯೆನೆ ಒಂದ್ಸಲ ವೆಂಗಾ ಬರತ್ತಲ್ಲ, ಕನ್ನಡದಲ್ಲಿ ಎರಡಕ್ಕೂ "ಬಂದಾಗ" ತಾನೆ?

ಸಕಲೇಶಪುರ_ಜರ್ಮನ್
"ಬಂದಾಗ" ಜಾಗದಲ್ಲಿ "ಬಂದಾಗೆಲ್ಲ" ಹಾಕಿ ನೋಡಿ. "ಗೆಸ್ಟ್ ಬಂದಾಗೆಲ್ಲ ಕಾಫಿ ಕೊಡ್ತೀವಿ" ಅಂದ್ರೆ ನಡೀತಾ ಇರೋ ರೂಢಿ, ವಿಯೆನೆ. "ನಾಳೆ ಅವರು ಬಂದಾಗ ಕಾಫಿ ಕೊಡು" ಅನ್ನೋದಕ್ಕೆ ಆ "ಎಲ್ಲ" ಸೇರಲ್ಲ, ಅವರು ಇನ್ನೂ ಬಂದೂ ಇಲ್ಲ, ಅಲ್ಲಿ ವೆಂಗಾ. ನಿನ್ನೆ ಬಂದು ಹೋಗಿದ್ರೆ ಆಗಿ ಮುಗಿದ ಸುದ್ದಿ, ಸಬ್ಜಂಕ್ಟಿವ್ ಬೇಡ, ವಿನೊ (ಬಂದ) ಅಂದ್ರೆ ಸಾಕು.