ಪ್ರಿವಿ ಕೌನ್ಸಿಲ್ ಅಂದರೆ ಈಗಿನ ಸುಪ್ರೀಂ ಕೋರ್ಟೇ?

ಪ್ರಶ್ನೆ: ವಕೀಲರಿಗೆ ನಮಸ್ಕಾರ. ನಮ್ಮದು ಮಂಗಳೂರು ಕಡೆ. ಅಟ್ಟದ ಪೆಟ್ಟಿಗೆಯಲ್ಲಿ ಅಜ್ಜನ ಜಾಗದ ತಕರಾರಿನ ಕಾಗದಗಳು ಸಿಕ್ಕಿದವು, 1938ರವು. ದಾಯಾದಿಯೊಬ್ಬರು "ಬೇಕಾದರೆ ಪ್ರಿವಿ ಕೌನ್ಸಿಲಿನವರೆಗೂ ಹೋಗುತ್ತೇನೆ" ಅಂತ ಬರೆದಿದ್ದಾರೆ. ಇದು ಸುಪ್ರೀಂ ಕೋರ್ಟಿನ ಹಳೇ ಹೆಸರಾ ಸರ್?

ಉತ್ತರ: ಅಲ್ಲ. ಬ್ರಿಟಿಷರ ಕಾಲದಲ್ಲಿ ನಮ್ಮ ಹೈಕೋರ್ಟುಗಳ ಮೇಲಿನ ಕೊನೆಯ ಅಪೀಲು ಕೇಳುತ್ತಿದ್ದ ಪೀಠ ಅದು. ಇದ್ದದ್ದು ಲಂಡನ್ನಿನ ಡೌನಿಂಗ್ ಸ್ಟ್ರೀಟಿನಲ್ಲಿ. ಆಗ ನಿಮ್ಮ ಜಿಲ್ಲೆ ಮದ್ರಾಸ್ ಪ್ರಾಂತ್ಯಕ್ಕೆ ಸೇರಿತ್ತಲ್ಲ, ಮಂಗಳೂರಿನ ದಾವೆ ಮದ್ರಾಸ್ ಹೈಕೋರ್ಟಿಗೆ ಹೋಗಿ, ಅಲ್ಲೂ ತೃಪ್ತಿಯಾಗದಿದ್ದರೆ ಸಮುದ್ರ ದಾಟಬೇಕಿತ್ತು. ಕಕ್ಷಿಗಾರ ಊರಲ್ಲೇ ಇರುತ್ತಿದ್ದ, ಅಚ್ಚು ಹಾಕಿಸಿದ ದಾಖಲೆಗಳ ಕಟ್ಟು ಹಡಗು ಹತ್ತುತ್ತಿತ್ತು.

ಇನ್ನೊಂದು ತಮಾಷೆ: ಅಲ್ಲಿನ ನ್ಯಾಯಮೂರ್ತಿಗಳು ಕೊಡುತ್ತಿದ್ದದ್ದು ಲೆಕ್ಕಕ್ಕೆ ತೀರ್ಪಲ್ಲ, ರಾಜನಿಗೆ ಸಲಹೆ. ಹಾಗಾಗಿ ಒಂದೇ ದನಿ. ಒಬ್ಬರು ಒಪ್ಪದಿದ್ದರೂ ಅದು ಹೊರಗೆ ಬರುತ್ತಿರಲಿಲ್ಲ.

ನಿಮ್ಮ ಕಾಗದದಲ್ಲಿ ದಾವೆಯ ಮೌಲ್ಯ ಎಷ್ಟು ಅಂತ ನೋಡಿ ಹೇಳ್ತೀರಾ? ಕಾರಣ ಆಮೇಲೆ ಹೇಳ್ತೇನೆ.

ಮರುಪ್ರಶ್ನೆ: ಹುಡುಕ್ತೇನೆ ಸರ್, ಅಕ್ಷರ ಮಾಸಿದೆ. ಹಾಗಾದರೆ ಆಗ ದೆಹಲಿಯಲ್ಲಿ ಏನೂ ಇರಲಿಲ್ಲವಾ?

ಉತ್ತರ: ಇತ್ತು, ಫೆಡರಲ್ ಕೋರ್ಟ್. 1935ರ ಭಾರತ ಸರ್ಕಾರ ಕಾಯ್ದೆಯಡಿ 1937ರ ಅಕ್ಟೋಬರ್‌ನಲ್ಲಿ ಮೂರೇ ನ್ಯಾಯಮೂರ್ತಿಗಳೊಂದಿಗೆ ಶುರುವಾಯಿತು. ಮಾರಿಸ್ ಗ್ವೈಯರ್ ಮುಖ್ಯ ನ್ಯಾಯಮೂರ್ತಿ. ಆದರೆ ಅದರ ಮುಖ್ಯ ಕೆಲಸ ಕೇಂದ್ರ–ಪ್ರಾಂತ್ಯಗಳ ಜಗಳ, ಆ ಕಾಯ್ದೆಯ ಅರ್ಥ ಹೇಳುವುದು. ನಿಮ್ಮಜ್ಜನ ತೋಟದ ಗಡಿಗೂ ಅದಕ್ಕೂ ಸಂಬಂಧವಿಲ್ಲ. ಸಿವಿಲ್ ಅಪೀಲುಗಳು ಅಲ್ಲಿಗೆ ಬರಲಾರಂಭಿಸಿದ್ದು 1948ರಲ್ಲಿ. ಲಂಡನ್ನಿನ ದಾರಿ ಮುಚ್ಚಿದ್ದು 1949ರ ಅಕ್ಟೋಬರ್ 10ಕ್ಕೆ.

1950ರ ಜನವರಿ 26ಕ್ಕೆ ಸುಪ್ರೀಂ ಕೋರ್ಟ್ ಹುಟ್ಟಿತು, 28ಕ್ಕೆ ಉದ್ಘಾಟನೆ. ಹೊಸ ಕೋರ್ಟಿಗೆ ಹೊಸ ಕಟ್ಟಡ ಇರಲಿಲ್ಲ. ಫೆಡರಲ್ ಕೋರ್ಟ್ ಕೂರುತ್ತಿದ್ದ ಸಂಸತ್ ಭವನದ ನರೇಂದ್ರ ಮಂಡಲದ ಸಭಾಂಗಣದಲ್ಲೇ ಇದೂ ಕೂತಿತು. ಮಹಾರಾಜರು ಸೇರಲಿ ಅಂತ ಕಟ್ಟಿದ ಕೋಣೆ ಅದು! ತಿಲಕ್ ಮಾರ್ಗಕ್ಕೆ ಹೋಗಿದ್ದು 1958ರಲ್ಲಿ. ಮೊದಲ ಮುಖ್ಯ ನ್ಯಾಯಮೂರ್ತಿ ಹರಿಲಾಲ್ ಕಣಿಯಾ. ಸಂವಿಧಾನ ಹೇಳಿದ್ದು ಅವರೂ ಸೇರಿ 8 ಮಂದಿ, 2019ರಲ್ಲಿ ಮಂಜೂರಾದ ಸಂಖ್ಯೆ 34ಕ್ಕೇರಿತು.

ಇನ್ನೊಬ್ಬ ಸದಸ್ಯೆ: ಸರ್, ಮಧ್ಯೆ ಬಾಯಿ ಹಾಕ್ತಿದ್ದೀನಿ. ಕಾಸರಗೋಡಿನ ಎಡನೀರು ಮಠದ ಸ್ವಾಮೀಜಿ ಸುಪ್ರೀಂ ಕೋರ್ಟಲ್ಲಿ ಕೇಸು ಗೆದ್ದರು ಅಂತಾರಲ್ಲ?

ಉತ್ತರ: ಬಾಯಿ ಹಾಕಿದ್ದು ಒಳ್ಳೆಯದೇ ಆಯಿತಮ್ಮ. 'ಗೆದ್ದರು' ಅನ್ನೋದು ಅರ್ಧ ಸತ್ಯ. ಕೇಶವಾನಂದ ಭಾರತಿ ಸ್ವಾಮೀಜಿ 1970ರಲ್ಲಿ ಅರ್ಜಿ ಹಾಕಿದ್ದು ಕೇರಳದ ಭೂಸುಧಾರಣೆಯ ವಿರುದ್ಧ, ಮಠದ ಜಮೀನು ಉಳಿಸಿಕೊಳ್ಳಲಿಕ್ಕೆ. 13 ನ್ಯಾಯಮೂರ್ತಿಗಳು 68 ದಿನ ಕೇಳಿದರು. 1973ರ ಏಪ್ರಿಲ್ 24ಕ್ಕೆ 7–6ರ ತೀರ್ಪು: ಸಂಸತ್ತು ಸಂವಿಧಾನವನ್ನು ತಿದ್ದಬಹುದು, ಅದರ ಮೂಲ ರಚನೆಯನ್ನು ಮುರಿಯುವಂತಿಲ್ಲ. ದೇಶಕ್ಕೆ ಅದು ದಕ್ಕಿತು. ಆದರೆ ಆ ಭೂಸುಧಾರಣಾ ಕಾನೂನುಗಳಿಗೆ ರಕ್ಷಣೆ ಕೊಟ್ಟಿದ್ದ 29ನೇ ತಿದ್ದುಪಡಿಯನ್ನೂ ಅದೇ ಪೀಠ ಎತ್ತಿಹಿಡಿಯಿತು. ಲಂಡನ್ನಿನಲ್ಲಿ ಒಂದೇ ದನಿ ಅಂದೆನಲ್ಲ, ಇಲ್ಲಿ ಬೇರೆಬೇರೆಯಾಗಿ 11 ತೀರ್ಪುಗಳು. ಬಹುಮತ ಹೇಳಿದ್ದೇನು ಅಂತ ಹೆಕ್ಕಿ ತೆಗೆಯುವುದೇ ನಮ್ಮ ಕಾಲೇಜು ದಿನಗಳ ತಲೆನೋವಾಗಿತ್ತು.

ತೀರ್ಪಿನ ಮರುದಿನವೇ ಮೂವರು ಹಿರಿಯರನ್ನು ದಾಟಿ ಎ. ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಲಾಯಿತು. ಮೂವರೂ ರಾಜೀನಾಮೆ ಕೊಟ್ಟರು. ಅವರಲ್ಲಿ ಒಬ್ಬರು ನಮ್ಮವರೇ, ಕೆ. ಎಸ್. ಹೆಗ್ಡೆ. ಮುಂದೆ ಲೋಕಸಭೆಯ ಸ್ಪೀಕರ್ ಆದರು.

ಮೊದಲ ಪ್ರಶ್ನೆಯವರು: ಸರ್, ಸಿಕ್ಕಿತು. ದಾವೆಯ ಮೌಲ್ಯ 1,800 ರೂಪಾಯಿ ಅಂತಿದೆ.

ಉತ್ತರ: ಹಾಗಾದರೆ ನಿಮ್ಮಜ್ಜ ಹೆದರಬೇಕಾದ್ದಿರಲಿಲ್ಲ. ವಿಶೇಷ ಅನುಮತಿ ಸಿಕ್ಕರೆ ಬೇರೆ ಮಾತು. ಇಲ್ಲದಿದ್ದರೆ ಲಂಡನ್ನಿಗೆ ಹೋಗಲು ಆಗ 10,000 ರೂಪಾಯಿಯ ವ್ಯಾಜ್ಯವಾದರೂ ಆಗಿರಬೇಕಿತ್ತು. ದಾಯಾದಿ ಕೋಪದಲ್ಲಿ ಬರೆದಿರಬೇಕು.