‘ಪೋಷಕ ನಟ’ ಅಂದರೆ ಅಪ್ಪನ ಪಾತ್ರದವರಾ?

ಎಲ್ಲರಿಗೂ ನಮಸ್ಕಾರ. ಧಾರವಾಡದಿಂದ ಬರೆಯುತ್ತಿದ್ದೇನೆ. ಒಂದು ಪದ ನಾಲ್ಕು ದಿನದಿಂದ ತಲೆ ತಿನ್ನುತ್ತಿದೆ.

ನಮ್ಮ ಓಣಿಯ ಹುಡುಗರು ತಿಂಗಳಿಗೊಂದು ಸಿನಿಮಾ ತೋರಿಸುತ್ತಾರೆ. ಈ ಸಲ ಓಂ ಪುರಿ ಅವರದ್ದು. ಬಂದವರಿಗೆ ಹಂಚಲು ಒಂದು ಪುಟ ಬರೆದುಕೊಡಿ ಅಂದರು. ‘ವಿದೇಶಿ ಚಿತ್ರಗಳಲ್ಲೂ ಹೆಸರು ಮಾಡಿದ ಪೋಷಕ ನಟ’ ಎಂದು ಶುರು ಮಾಡಿದೆ. ರಜೆಗೆ ಬಂದಿದ್ದ ತಂಗಿಯ ಮಗಳು ಅದನ್ನು ಓದಿ, ‘ಪೋಷಕ ನಟ ಅಂದ್ರೆ ಅಪ್ಪನ ಪಾತ್ರ ಮಾಡೋರಾ ಮಾಮಾ?’ ಅಂದಳು.

ಅವಳು ಓದುವುದು ಬೆಂಗಳೂರಿನಲ್ಲಿ. ಅಲ್ಲಿ ಶಾಲೆಯಲ್ಲಿ ‘ಪೋಷಕರ ಸಭೆ’ ನಡೆಯುತ್ತದೆ. ನಮ್ಮ ಕಡೆ ‘ಪಾಲಕರ ಸಭೆ’ ಅನ್ನುವ ರೂಢಿ, ಹಾಗಾಗಿ ನನಗೆ ಆ ಅರ್ಥ ಹೊಳೆದೇ ಇರಲಿಲ್ಲ. ಅವಳ ತಪ್ಪೇನೂ ಇಲ್ಲ ಬಿಡಿ. ನಮ್ಮ ರಾಜ್ಯ ಸರ್ಕಾರ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ ಕೊಡುವುದು ಕೆ.ಎಸ್. ಅಶ್ವತ್ಥ್ ಹೆಸರಿನಲ್ಲಿ. ಕನ್ನಡ ತೆರೆಯ ಮೇಲೆ ಅವರಿಗಿಂತ ದೊಡ್ಡ ಅಪ್ಪ ಯಾರಿದ್ದಾರೆ ಹೇಳಿ!

ಓಂ ಪುರಿ ವಿಷಯಕ್ಕೆ ಬಂದರೆ ಪದ ಇನ್ನೂ ಸಿಕ್ಕಾಗುತ್ತದೆ. 1983ರ ‘ಅರ್ಧ್ ಸತ್ಯ’ದಲ್ಲಿ ಅವರೇ ನಾಯಕ, ರಾಷ್ಟ್ರಪ್ರಶಸ್ತಿಯೂ ಬಂತು. ಅದಕ್ಕೂ ಒಂದು ವರ್ಷ ಮೊದಲು ಬಂದ ‘ಗಾಂಧಿ’ಯಲ್ಲಿ ಒಂದು ಸಣ್ಣ ಪಾತ್ರ, ಆದರೂ ನೋಡಿದವರು ಮರೆಯುವುದಿಲ್ಲ. 1996ರ ಸಿಂಹದ ಬೇಟೆಯ ಹಾಲಿವುಡ್ ಚಿತ್ರದಲ್ಲಿ ಮೈಕಲ್ ಡಗ್ಲಸ್, ವ್ಯಾಲ್ ಕಿಲ್ಮರ್ ಮುಂದೆ, ಇವರು ಬದಿಗೆ. ಇಲ್ಲಿಯವರೆಗೆ ಸರಿ. 1999ರ ಬ್ರಿಟಿಷ್ ಚಿತ್ರ ‘ಈಸ್ಟ್ ಈಸ್ ಈಸ್ಟ್’ನಲ್ಲಿ ಅವರು ಏಳು ಮಕ್ಕಳ ಅಪ್ಪ. ತಂಗಿಯ ಮಗಳ ಲೆಕ್ಕದಲ್ಲಿ ಅಪ್ಪಟ ಪೋಷಕ! ಆದರೆ ಬ್ರಿಟನ್ನಿನ ಸಿನಿಮಾ ಪ್ರಶಸ್ತಿಯಾದ ಬಾಫ್ಟಾಕ್ಕೆ ಅವರ ಹೆಸರು ಹೋದದ್ದು ಮುಖ್ಯ ನಟರ ಪಟ್ಟಿಯಲ್ಲಿ.

ಬೇರೆ ಪದ ಹುಡುಕಿದೆ. ‘ಸಹಾಯಕ ನಟ’ ಅಂದರೆ ಕಚೇರಿಯ ಹುದ್ದೆಯ ಹಾಗೆ ಕೇಳುತ್ತದೆ. ‘ಸಹನಟ’ ಅಂದರೆ ಜೊತೆಗೆ ನಟಿಸಿದವರು ಯಾರಾದರೂ ಆಗಬಹುದು. ಹಿಂದಿಯ ‘ಚರಿತ್ರ ಅಭಿನೇತಾ’ ತಂದರೆ ನಮಗೆ ಇತಿಹಾಸದ ಪಾಠ ನೆನಪಾಗುತ್ತದೆ. ಗೆಳೆಯರೊಬ್ಬರು, ಪೋಷಕ ಇರಲಿ, ‘ವಿದೇಶಿ’ ತೆಗೆದು ‘ಪರದೇಶಿ’ ಹಾಕು, ಅದು ಜನರ ಮಾತು ಅಂದರು. ನಮ್ಮವ್ವ ಕೇಳಿಸಿಕೊಂಡು ನಕ್ಕಳು. ನಮ್ಮಲ್ಲಿ ಪರದೇಶಿ ಅಂದರೆ ಹಿಂದೆ ಮುಂದೆ ಯಾರೂ ಇಲ್ಲದವನು. ‘ಪರದೇಶಿ ಪೋಷಕ ನಟ’ ಅಂತ ಅಚ್ಚಾಗಿದ್ದರೆ ಅನಾಥ ಅಪ್ಪ ಆಗುತ್ತಿದ್ದರು ಪಾಪ.

ಗದಗಿನಲ್ಲಿ ನನ್ನ ಸೋದರಮಾವ ನಾಟಕ ಕಂಪನಿಯಲ್ಲಿ ಪೇಟಿ, ಅಂದರೆ ಹಾರ್ಮೋನಿಯಂ, ಬಾರಿಸುತ್ತಿದ್ದರು. ಅವರಿಗೆ ಫೋನ್ ಮಾಡಿದೆ. ಕಂಪನಿಯಲ್ಲಿ ಪೋಷಕ ನಟ ಅನ್ನುವ ಮಾತೇ ಇರಲಿಲ್ಲವಂತೆ. ಹೀರೋ ಪಾರ್ಟು, ಖಳನಾಯಕನ ಪಾರ್ಟು, ಕಾಮಿಡಿ ಪಾರ್ಟು, ತಂದೆ ಪಾರ್ಟು, ಅಷ್ಟೇ. ‘ಪಾರ್ಟಿಗೆ ಹೆಸರಿತ್ತೋ, ಮನಷ್ಯಾಗಲ್ಲ. ಇವತ್ತ ಹೀರೋ ಆದಾಂವ ನಾಳೆ ಪೊಲೀಸ್ ಆಗ್ತಿದ್ದ’ ಅಂದರು. ‘ಪೋಷಕ’ ಇಲ್ಲದಿದ್ದರೂ ‘ಪೋಷಿತ’ ಇತ್ತು ನೋಡಿ: ಗದಗಿನ ಪುಣ್ಯಾಶ್ರಮದ ಕಂಪನಿಯ ಬೋರ್ಡಿನ ಮೇಲೆ ‘ಕುಮಾರೇಶ್ವರ ಕೃಪಾಪೋಷಿತ’ ಎಂದೇ ಇರುತ್ತದೆ. ಅಲ್ಲಿ ಪೋಷಿಸುವವರು ಗುರುಗಳು.

ನನಗನ್ನಿಸುವುದು ಇಷ್ಟು. ಪದದ ಬೇರು ‘ಪುಷ್’, ಪುಷ್ಟಿ ಕೊಡುವುದು. ರಸಪೋಷಣೆ ಅನ್ನುತ್ತೇವಲ್ಲ, ಅದೇ. ಕಥೆಗೆ ಪುಷ್ಟಿ ಕೊಡುವ ಪಾತ್ರಕ್ಕೆ ‘ಪೋಷಕ ಪಾತ್ರ’ ಅನ್ನುವುದು ಚೆಂದವೇ. ಅದನ್ನು ಮನುಷ್ಯನಿಗೆ ಅಂಟಿಸಿ ‘ಪೋಷಕ ನಟ’ ಅಂದಾಗ ತೊಡಕು. ಆ ಕಂಪನಿಯ ನಟನ ಹಾಗೆ ಓಂ ಪುರಿಯೂ ಒಂದು ಕಡೆ ಹೀರೋ, ಇನ್ನೊಂದು ಕಡೆ ಬದಿಯ ಪಾತ್ರ.

ಈಗ ನನ್ನ ಪ್ರಶ್ನೆ. ‘ಪೋಷಕ ನಟ’ ಎಂಬ ಜೋಡಿಪದ ಕನ್ನಡ ಪತ್ರಿಕೆಗಳಲ್ಲಿ ಮೊದಲು ಯಾವಾಗ ಕಂಡಿತು? ಹಳೆಯ ಸಿನಿಮಾ ಪತ್ರಿಕೆ ಇಟ್ಟುಕೊಂಡವರು ದಯವಿಟ್ಟು ನೋಡಿ ಹೇಳಿ. ಹಾವೇರಿ ಕಡೆ ಕಂಪನಿಗಳಲ್ಲಿ ಬೇರೆ ಮಾತು ಇದ್ದರೆ ಅದನ್ನೂ ತಿಳಿಸಿ. ಪುಟ ಶುಕ್ರವಾರ ಅಚ್ಚಿಗೆ ಹೋಗುತ್ತದೆ. ಸದ್ಯಕ್ಕೆ ‘ವಿದೇಶಿ ಚಿತ್ರಗಳಲ್ಲಿ ಪೋಷಕ ಪಾತ್ರಗಳನ್ನೂ ಮಾಡಿದ ನಟ’ ಎಂದು ತಿದ್ದಿದ್ದೇನೆ. ಸ್ವಲ್ಪ ಉದ್ದ ಆಯಿತು, ಅಲ್ವಾ?