ಅಪ್ಪನ ಪಾತ್ರ ಪಾಪದ್ದು, ನೋಡ್ದೋರೆಲ್ಲ ವಿಲನ್ ಅಂತಾರೆ. ಏನ್ ಮಾಡ್ಲಿ?

ಕೋಲಾರದ_ಕ್ಯಾಮ್ರಾ: ತಲೆ ಕೆಟ್ಟೋಗಿದೆ ಗುರು. 8 ನಿಮಿಷದ ಶಾರ್ಟ್ ಫಿಲ್ಮು, ಅಪ್ಪ ಟೊಮ್ಯಾಟೊ ಮಂಡಿಯಿಂದ ಬರಿಗೈಲಿ ಬರ್ತಾನೆ, ಗೋಡೆ ಹತ್ರ ನಿಂತಿರೋ ಮಗಳು ಕಾಲೇಜ್ ಫೀಸ್ ಕೇಳ್ತಾಳೆ, ಆಯಪ್ಪ ಟವಲ್ ಹಿಡ್ಕೊಂಡು ಬಾಗ್ಲಲ್ಲಿ ನಿಂತು ಏನೂ ಮಾತಾಡಲ್ಲ, ಅಷ್ಟೇ ಸೀನು. ಅಯ್ಯೋ ಪಾಪ ಅನ್ಬೇಕು, ಎಲ್ರೂ "ಇವಾಗ ಹೊಡೀತಾನೆ ಅನ್ಕೊಂಡ್ವಿ" ಅಂತಾರೆ. ಮ್ಯೂಸಿಕ್ ಚೇಂಜ್ ಮಾಡ್ದೆ, ಕಲರ್ ಚೇಂಜ್ ಮಾಡ್ದೆ, ಅದೇ ಕಥೆ.

ತುಮ್ಕೂರ್_ಟ್ರೈಪಾಡ್: 180 ಡಿಗ್ರಿ ಲೈನ್, ಅಂದ್ರೆ ಇಬ್ರ ಮಧ್ಯೆ ಇದೆ ಅನ್ಕೊಳ್ಳೋ ಗೆರೆ, ಶಾಟ್ ಕಟ್ ಆದಾಗ ಕ್ಯಾಮ್ರಾ ಅದನ್ನ ದಾಟಿರತ್ತೆ. ಅಪ್ಪ ಬಲಕ್ಕೆ ನೋಡ್ತಿದ್ರೆ ಮಗಳು ಎಡಕ್ಕೆ ನೋಡ್ಬೇಕು, ಇಲ್ದಿದ್ರೆ ನೋಡೋರಿಗೆ ಗಲಿಬಿಲಿ.

ಕೋಲಾರದ_ಕ್ಯಾಮ್ರಾ: ಕಟ್ಟೇ ಇಲ್ಲ ಅಣ್ಣ, ಪೂರ್ತಿ ಒಂದೇ ಶಾಟು.

ತುಮ್ಕೂರ್_ಟ್ರೈಪಾಡ್: ಮೊದ್ಲೇ ಹೇಳ್ಬೇಕಲ್ವಾ. ಆದ್ರೂ ಲೈನ್ ಒಂದ್ಸಲ ಚೆಕ್ ಮಾಡಿ.

ನಂದಿಬೆಟ್ಟದ_ಮಂಜು: ಒಂದೇ ಶಾಟಲ್ಲಿ ಯಾವ್ ಲೈನ್ ಸಾಮಿ. ಕ್ಯಾಮ್ರಾ ಎಷ್ಟ್ ಎತ್ತರ ಇತ್ತು?

ಕೋಲಾರದ_ಕ್ಯಾಮ್ರಾ: ಟ್ರೈಪಾಡ್ ಕಾಲು ಮುರ್ದೋಗಿತ್ತು, ಖಾಲಿ ಟೊಮ್ಯಾಟೊ ಬಾಕ್ಸ್ ಮೇಲೆ ಮೊಬೈಲ್ ಇಟ್ವಿ. ರೂಮ್ ಚಿಕ್ಕದು ಅಂತ ಮೊಬೈಲಿನ 0.5 ವೈಡ್ ಲೆನ್ಸು. ಅದೇನ್ ದೊಡ್ಡ ವಿಷ್ಯ ಅಂತ ಬರೀಲಿಲ್ಲ. ಎಡಿಟಲ್ಲಿ ಸಿನಿಮಾ ಲುಕ್ ಬರ್ಲಿ ಅಂತ ಮೇಲೆ ಕೆಳಗೆ ಕಪ್ಪು ಪಟ್ಟಿ ಹಾಕ್ದೆ, 2.39, ಅಂದ್ರೆ ಅಗಲ ಎತ್ತರದ 2.39 ಪಟ್ಟು.

ನಂದಿಬೆಟ್ಟದ_ಮಂಜು: ಅಲ್ಲೇ ಇದ್ಯಲ್ಲ! ಕೆಳಗಿಂದ ನೋಡಿದ್ರೆ ಯಾರಾದ್ರೂ ದೊಡ್ಡೋರಾಗೇ ಕಾಣ್ತಾರೆ, ಅದ್ರ ಮೇಲೆ 0.5, ಟವಲ್ ಹಿಡ್ದಿರೋ ಕೈ ಕ್ಯಾಮ್ರಾ ಹತ್ರ, ಮಗಳು ಗೋಡೆ ಹತ್ರ, ಕೈ ಅವಳ ತಲೆಗಿಂತ ದಪ್ಪ ಬಂದಿರತ್ತೆ. ಬಾಗ್ಲ ಬೆಳಕು ಹಿಂದಿಂದ, ಮುಖ ಕಪ್ಪು. ಪಟ್ಟಿ ಹಾಕಿದ್ಮೇಲೆ ಚಿತ್ರದ ಎತ್ತರದ 1080 ಗೆರೇಲಿ 803 ಉಳೀತು, ಹಣೆ ಹೋಯ್ತು. ಮುಖಾನೇ ಕಾಣ್ದೆ ಪಾಪ ಅಂತ ಹೆಂಗನ್ನೋದು?

ತುಮ್ಕೂರ್_ಟ್ರೈಪಾಡ್: 0.5 ಲೆನ್ಸೇ ಮುಖ ಕೆಡ್ಸೋದು.

ಬಾಗೇಪಲ್ಲಿ_ರೀಲ್ಸ್: ಲೆನ್ಸ್ ಅಲ್ಲ ಅಣ್ಣ, ದೂರ. ಅದೇ 0.5 ಹಿಡ್ಕೊಂಡು ಹತ್ತಡಿ ಹಿಂದೆ ಹೋಗಿ, ಮೂಗು ದಪ್ಪ ಆಗಲ್ಲ.

ತುಮ್ಕೂರ್_ಟ್ರೈಪಾಡ್: ದೇವರಾಯನದುರ್ಗದಲ್ಲಿ ದೂರದಿಂದ ತೆಗ್ಯೋ 85 ಎಂಎಂ ಲೆನ್ಸ್ ಹಾಕಿ ಎಷ್ಟ್ ಪ್ರೀ ವೆಡ್ಡಿಂಗ್ ತೆಗ್ದಿದೀನಿ ಗೊತ್ತಾ? ಫುಲ್ ಫ್ರೇಮ್ ಬಾಡಿ, ಎರಡು ಗಿಂಬಲ್, ಮೊನ್ನೆ ಡ್ರೋನೂ ತಗೊಂಡೆ.

ಬಾಗೇಪಲ್ಲಿ_ರೀಲ್ಸ್: ಆ ರೂಮಲ್ಲಿ 85 ಹಾಕಿದ್ರೆ ನೀವು ಪಕ್ಕದ್ ಮನೇಲಿ ನಿಲ್ಬೇಕು.

ನಂದಿಬೆಟ್ಟದ_ಮಂಜು: ಮತ್ತೆ ಶೂಟ್ ಆಗೋದಾದ್ರೆ ಅಪ್ಪನ್ನ ಹೊಸ್ತಿಲ ಮೇಲೆ ಕೂರ್ಸಿ, ಕಿಟಕಿ ಆಚೆಯಿಂದ 2 ಎಕ್ಸ್ ಝೂಮ್, ಅವ್ರ ಕಣ್ಣಿನ ಮಟ್ಟಕ್ಕೆ, ಕಂಬಿ ಫ್ರೇಮಲ್ಲಿ ಬರ್ಲಿ.

ಕೋಲಾರದ_ಕ್ಯಾಮ್ರಾ: ಹುಡ್ಗಿಗೆ ಪಿಯುಸಿ ಎಕ್ಸಾಮು, ಬರಲ್ಲ. ಪಟ್ಟಿ ತೆಗ್ದು ಅಮ್ಮಂಗೆ ತೋರ್ಸ್ದೆ. "ಹೊಡಿಯೋನ ಥರ ಇಲ್ಲ, ಕುಡ್ದಿರೋನ ಥರ ಅವ್ನೆ" ಅಂದ್ಲು.

ನಂದಿಬೆಟ್ಟದ_ಮಂಜು: ಬಾಕ್ಸ್ ವಾಲಿರತ್ತೆ, ಬಾಗ್ಲ ಚೌಕಟ್ಟು ನೇರ ಇದ್ಯಾ ನೋಡಿ, ಎಡಿಟಲ್ಲಿ ತಿರುಗ್ಸಿ. ಮಂಡೀಲಿ ಮೇಲಿಂದ ತೆಗ್ದಿರೋ ಶಾಟ್ ಇದ್ರೆ, ರಾಶಿ ಮಧ್ಯ ಆಯಪ್ಪ ಇಷ್ಟೇ ಇಷ್ಟು ಕಾಣೋದು, ಅದನ್ನ ಈ ಸೀನ್‌ಗೆ ಮುಂಚೆ ಹಾಕಿ.

ಕೋಲಾರದ_ಕ್ಯಾಮ್ರಾ: ಮಂಡಿ ಶಾಟ್ ಇದೆ ಅಣ್ಣ. ಅದೂ ಬಾಕ್ಸ್ ಮೇಲಿಂದ್ಲೇ ತೆಗ್ದಿದ್ದು.